ಏರುಪೇರು ಅಳೆದೇ ಸ್ಲಾಟ್ ಆಡಿದೆ, ಆದರೂ 83 ಸಾವಿರ ಹೋಯಿತು

ಮೊದಲೇ ಹೇಳಿಬಿಡುತ್ತೇನೆ, ನಾನು ಕಣ್ಣು ಮುಚ್ಚಿಕೊಂಡು ಆಡಿದವನಲ್ಲ. ಲೆಕ್ಕ ಹಾಕಿ ಆಡಿದವನು. ಪೀಣ್ಯದ ಒಂದು ಪೌಡರ್ ಕೋಟಿಂಗ್ ಘಟಕದಲ್ಲಿ ಹನ್ನೊಂದು ವರ್ಷದಿಂದ ಅಕೌಂಟ್ಸ್ ನೋಡುತ್ತಿದ್ದೇನೆ. ಜಿಎಸ್‌ಟಿ ರಿಟರ್ನ್‌ನಿಂದ ಹಿಡಿದು ಹುಡುಗರ ಓಟಿ ತನಕ ಎಲ್ಲಾ ನನ್ನ ಎಕ್ಸೆಲ್‌ನಲ್ಲೇ ಇರುತ್ತದೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಲೆಕ್ಕ ಗೊತ್ತಿಲ್ಲದವರು ಎರಡು ಸಾವಿರ ಕಳೆದುಕೊಂಡು ಎದ್ದು ಹೋಗುತ್ತಾರೆ, ನನ್ನಂಥವರೇ ಕೊನೆ ತನಕ ಕೂರುವುದು.

ಶುರುವಾಗಿದ್ದು 2025ರ ಆಯುಧ ಪೂಜೆ ದಿನ. ಮಷೀನ್ ತೊಳೆದು, ಬೂದುಗುಂಬಳ ಒಡೆದು, ಪುರಿ ಹಂಚಿ ಎಲ್ಲರೂ ಮನೆಗೆ ಹೊರಡುವ ಹೊತ್ತು. ಬೋನಸ್ ಕವರ್ ಜೇಬಲ್ಲಿತ್ತು. ಡಿಸ್ಪ್ಯಾಚ್‌ನ ಹುಡುಗ ಫೋನ್ ತೋರಿಸಿ "ಗುರು, ಇದು ನೋಡು, ನಿನ್ನೆ ಎಂಟು ಸಾವಿರ ಬಂತು" ಅಂದ. ಹಣ್ಣು, ಗಂಟೆ, ವಜ್ರ ಎಲ್ಲಾ ಗರಗರ ತಿರುಗುವ ಸ್ಲಾಟ್ ಆಟ. ಟೆಲಿಗ್ರಾಂನಲ್ಲಿ ಲಿಂಕ್ ಬರುತ್ತದೆ, ಯುಪಿಐನಲ್ಲಿ ದುಡ್ಡು ಹಾಕಬೇಕು. ನಾನು ನಕ್ಕು ಬಿಟ್ಟೆ. ಆದ್ರೆ ರಾತ್ರಿ ಮಲಗಿದಾಗ ಇದರ ಹಿಂದಿನ ಗಣಿತ ಏನಿರಬಹುದು ಅಂತ ಹುಡುಕಿದೆ. ಅಲ್ಲಿ ಸಿಕ್ಕ ಪದ ವೊಲಾಟಿಲಿಟಿ, ಅಂದರೆ ಏರುಪೇರು.

ಗೊತ್ತಿಲ್ಲದವರಿಗೆ ಸುಲಭವಾಗಿ ಹೇಳುತ್ತೇನೆ. ಪ್ರತಿ ಸ್ಲಾಟ್ ಆಟಕ್ಕೂ ಎರಡು ಗುಣ ಇರುತ್ತವೆ. ಒಂದು ಆರ್‌ಟಿಪಿ, ಅಂದರೆ ಎಲ್ಲರೂ ಕಟ್ಟಿದ ದುಡ್ಡಿನಲ್ಲಿ ನೂರಕ್ಕೆ ಎಷ್ಟು ಆಟಗಾರರ ಕಡೆ ವಾಪಸ್ ಬರುತ್ತದೆ ಅನ್ನುವುದು. 96 ಅಂತಿದ್ದರೆ 4 ರೂಪಾಯಿ ಆಟ ನಡೆಸುವವನ ಜೇಬಿಗೆ. ಇನ್ನೊಂದು ಈ ವೊಲಾಟಿಲಿಟಿ, ಆ 96 ರೂಪಾಯಿ ಯಾವ ರೀತಿ ಬರುತ್ತದೆ ಅನ್ನುವುದು. ನಮ್ಮೂರ ಮಳೆ ಥರ ಅಂದುಕೊಳ್ಳಿ. ಒಂದು ವರ್ಷ ದಿನ ಬಿಟ್ಟು ದಿನ ಜಿನುಗುತ್ತದೆ. ಇನ್ನೊಂದು ವರ್ಷ ತಿಂಗಳುಗಟ್ಟಲೆ ಬಿಸಿಲು ಕಾಯ್ದು, ಒಂದೇ ರಾತ್ರಿ ಸುರಿದು ಸಿಲ್ಕ್ ಬೋರ್ಡ್ ಹತ್ತಿರ ಕಾರು ತೇಲಿಸುತ್ತದೆ. ವರ್ಷದ ಕೊನೆಗೆ ಅಳತೆ ನೋಡಿದರೆ ಎರಡೂ ಸುಮಾರು ಒಂದೇ. ಏರುಪೇರು ಕಡಿಮೆ ಇರುವ ಆಟ ಮೊದಲನೇ ಥರದ್ದು, ಜಾಸ್ತಿ ಇರುವುದು ಎರಡನೇ ಥರದ್ದು.

ಕಡಿಮೆ ಏರುಪೇರಿನ ಆಟ ಆರಿಸಿಕೊಂಡು, ಸಣ್ಣ ಮೊತ್ತ ಹಾಕಿ, ನಿಧಾನಕ್ಕೆ ಆಡಿದರೆ ದುಡ್ಡು ಬೇಗ ಖಾಲಿಯಾಗುವುದಿಲ್ಲ, ಮಧ್ಯೆ ಎಲ್ಲೋ ಮೇಲೆ ಇದ್ದಾಗ ಎದ್ದುಬಿಟ್ಟರಾಯಿತು. ಇದು ನನ್ನ ಪ್ಲಾನ್. ಎಷ್ಟು ಬುದ್ಧಿವಂತ ನೋಡಿ.

ಆಡುವ ಮೊದಲು ಏರುಪೇರು ಅಳೆಯುವುದು ಹೇಗೆ? ಕೆಲವು ಆಟಗಳಲ್ಲಿ ಮಾಹಿತಿ ಪುಟದಲ್ಲೇ ಐದು ಮಿಂಚಿನ ಗುರುತಿನಲ್ಲಿ ಎಷ್ಟು ಅಂತ ಹಾಕಿರುತ್ತಾರೆ. ಇಲ್ಲದಿದ್ದರೆ ಗೆಲುವಿನ ಪಟ್ಟಿ ನೋಡಬೇಕು. ದೊಡ್ಡ ಗೆಲುವು ಪಣದ 500 ಪಟ್ಟು ಅಂತಿದ್ದರೆ ಆಟ ಸ್ವಲ್ಪ ಮೆತ್ತಗಿರಬಹುದು. 5,000 ಪಟ್ಟು, 10,000 ಪಟ್ಟು ಅಂತಿದ್ದರೆ, ಆ ದುಡ್ಡು ಎಲ್ಲಿಂದಾದರೂ ಬರಬೇಕಲ್ವಾ, ಅದು ಉಳಿದ ಸಾವಿರಾರು ಒಣ ಸ್ಪಿನ್‌ಗಳಿಂದಲೇ, ಅಂದರೆ ಚಕ್ರ ತಿರುಗಿಸಿಯೂ ಏನೂ ಬಾರದ ಸಲಗಳಿಂದಲೇ ಬರುವುದು. ಆಮೇಲೆ ಸಣ್ಣ ಚಿಹ್ನೆಗೂ ದೊಡ್ಡ ಚಿಹ್ನೆಗೂ ಎಷ್ಟು ಅಂತರ, ಗೆಲುವಿನ ಬಹುಪಾಲು ಅಪರೂಪಕ್ಕೆ ಬರುವ ಬೋನಸ್ ಸುತ್ತಿನಲ್ಲೇ ಬಚ್ಚಿಟ್ಟಿದೆಯಾ, ಪಣದ 100 ಪಟ್ಟು ಕೊಟ್ಟು ಬೋನಸ್ಸನ್ನೇ ನೇರವಾಗಿ ಕೊಂಡುಕೊಳ್ಳುವ ಬಟನ್ ಇದೆಯಾ. ಆ ಬಟನ್ ಇದ್ದರೆ ಸಾಮಾನ್ಯವಾಗಿ ಜೋರು ಆಟ ಅಂತಲೇ ಲೆಕ್ಕ.

ಇದೆಲ್ಲಾ ನೋಡಿ ಒಂದು ಆಟ ಆರಿಸಿದೆ. ಡೆಮೊದಲ್ಲಿ, ಅಂದರೆ ಸುಳ್ಳು ದುಡ್ಡಿನಲ್ಲಿ, 20ರ ಪಣ ಇಟ್ಟು 300 ಸ್ಪಿನ್ ಆಡಿದೆ. ಪ್ರತಿ ಸ್ಪಿನ್‌ನ ಫಲಿತಾಂಶ ಎಕ್ಸೆಲ್‌ಗೆ ಹಾಕಿದೆ, ಶನಿವಾರ ರಾತ್ರಿ ಎರಡು ಗಂಟೆ ತನಕ. ಹೆಂಡತಿ ಎದ್ದು ಬಂದು "ಏನ್ರೀ, ಆಡಿಟ್ ಬಂದಿದೆಯಾ?" ಅಂತ ಕೇಳಿದಳು. ಹೌದು ಅಂದೆ. 300ರಲ್ಲಿ 84 ಸಲ ಗೆಲುವು, ನೂರಕ್ಕೆ 28. ಮೂರೂವರೆ ಸ್ಪಿನ್‌ಗೆ ಒಂದು ಗೆಲುವು ಅಂದರೆ ಮೆತ್ತನೆ ಆಟ ಅಂತ ತೀರ್ಮಾನ ಮಾಡಿ ಫೈಲ್ ಸೇವ್ ಮಾಡಿ ಮಲಗಿದೆ.

ನಾನು ಎಡವಿದ್ದು ಇಲ್ಲೇ. ಡಿಸೆಂಬರ್‌ನಲ್ಲಿ, ಎಲ್ಲಾ ಮುಗಿದ ಮೇಲೆ, ಅದೇ ಶೀಟ್ ತೆಗೆದು ಒಂದು ಫಿಲ್ಟರ್ ಹಾಕಿದೆ. ಆ 84 ಗೆಲುವಿನಲ್ಲಿ 61 ಸಲ ಬಂದಿದ್ದು ಪಣಕ್ಕಿಂತ ಕಡಿಮೆ. 20 ಹಾಕಿದ್ದೆ, 4 ಬಂದಿತ್ತು, 8 ಬಂದಿತ್ತು. ಆದ್ರೆ ಪರದೆ ಮೇಲೆ ನಾಣ್ಯ ಸುರಿಯುತ್ತದೆ, ಗಂಟೆ ಬಾರಿಸುತ್ತದೆ, "ವಿನ್" ಅಂತ ಹಸಿರಲ್ಲಿ ಬರುತ್ತದೆ. ಹನ್ನೆರಡು ರೂಪಾಯಿ ಕಳೆದುಕೊಂಡವನಿಗೆ ಮಂಗಳವಾದ್ಯ! ಬೇರೆ ಯಾರಾದರೂ ನನಗೆ ಇಂಥ ವೋಚರ್ ತಂದುಕೊಟ್ಟಿದ್ದರೆ ಮುಖಕ್ಕೆ ಎಸೆಯುತ್ತಿದ್ದೆ. ನಾನೇ ಅದನ್ನು ಜಮಾ ಕಡೆ ಬರೆದುಕೊಂಡಿದ್ದೆ. ಎಷ್ಟು ಸಲ ಗೆಲುವು ಅನ್ನುವುದು ಏರುಪೇರಿನ ಅಳತೆ ಅಲ್ಲ, ಯಾವ ಸೈಜಿನ ಗೆಲುವು ಎಷ್ಟು ಸಲ ಅನ್ನುವುದು ಅಳತೆ.

ಅಷ್ಟೇ ಅಲ್ಲ, 300 ಸ್ಪಿನ್ ಏನೂ ಅಲ್ಲ. ಬೋನಸ್ ಸರಾಸರಿ 200 ಸ್ಪಿನ್‌ಗೆ ಒಂದು ಸಲ ಬರುವ ಆಟ ಅಂದುಕೊಳ್ಳಿ. 200 ಸ್ಪಿನ್ ಆಡಿದ ನೂರು ಜನರಲ್ಲಿ ಸುಮಾರು 37 ಜನಕ್ಕೆ ಅದು ಒಮ್ಮೆಯೂ ಬಂದಿರುವುದಿಲ್ಲ. 400 ಆಡಿದರೂ ಸುಮಾರು 13 ಜನ ಬರಿಗೈ. ಕ್ಯಾಲ್ಕುಲೇಟರ್‌ನಲ್ಲಿ 0.995 ಅನ್ನು ಅಷ್ಟು ಸಲ ಗುಣಿಸಿ ನೋಡಿ. "ಇಷ್ಟು ಹೊತ್ತು ಬಂದಿಲ್ಲ, ಇನ್ನೇನು ಬರುತ್ತದೆ" ಅನ್ನುವುದಕ್ಕೆ ಅರ್ಥವೇ ಇಲ್ಲ, ಯಾಕೆಂದರೆ ಪ್ರತಿ ಸ್ಪಿನ್ ಬೇರೆ, ಹಿಂದಿನದ್ದರ ನೆನಪು ಅದಕ್ಕಿಲ್ಲ. ಚಿಂತಾಮಣಿ ಕಡೆ ನಮ್ಮ ದೊಡ್ಡಪ್ಪ ಬೋರ್ ಕೊರೆಸುವಾಗ ಇನ್ನು ಐವತ್ತು ಅಡಿ, ಇನ್ನು ಐವತ್ತು ಅಡಿ ಅಂತ ಹೇಳುತ್ತಲೇ ಇದ್ದರು. ಅಲ್ಲಿ ಕಡೇಪಕ್ಷ ಭೂಮಿ ಒಳಗೆ ನಿಜವಾಗಿ ಏನೋ ಒಂದು ಇರುತ್ತದೆ.

ಇನ್ನೊಂದು ವಿಷಯ. ತಯಾರಕರು ಒಂದೇ ಆಟವನ್ನು ಬೇರೆ ಬೇರೆ ಆರ್‌ಟಿಪಿಯಲ್ಲಿ ಕೊಡುವುದುಂಟು, ನಡೆಸುವವನು ತನಗೆ ಬೇಕಾದ್ದು ಆರಿಸಿಕೊಳ್ಳುತ್ತಾನೆ. ನಾನು ಹೊರಗಡೆ ಓದಿದ್ದು 96 ಚಿಲ್ಲರೆ. ನಾನು ಆಡುತ್ತಿದ್ದ ಜಾಗದಲ್ಲಿ ಮಾಹಿತಿ ಪುಟ ತೆರೆದರೆ ಆ ಸಾಲೇ ಇರಲಿಲ್ಲ. ಅಸಲಿ ಆಟ ತಯಾರಕರ ಸರ್ವರ್‌ನಲ್ಲಿ ಓಡಬೇಕು. ಇದು ಬಣ್ಣ, ಚಿತ್ರ, ಸದ್ದು ಎಲ್ಲಾ ಕದ್ದು ಮಾಡಿದ ನಕಲಿಯೋ ಏನೋ ಅಂತ ನನಗೆ ತಿಳಿಯುವ ದಾರಿಯೇ ಇರಲಿಲ್ಲ. ಡೆಮೊದಲ್ಲಿ ಒಂದು ಗಣಿತ, ದುಡ್ಡು ಹಾಕಿದ ಮೇಲೆ ಇನ್ನೊಂದು ಗಣಿತ ಇಟ್ಟರೂ ಕೇಳುವವರಿಲ್ಲ. ಸ್ಟ್ಯಾಂಪ್ ಇಲ್ಲದ ತಕ್ಕಡಿಯಲ್ಲಿ ತೂಕ ಹಾಕಿ, ಗ್ರಾಂ ಲೆಕ್ಕದಲ್ಲಿ ಚೌಕಾಸಿ ಮಾಡಿದ ಹಾಗಾಯಿತು ನನ್ನ ಅಧ್ಯಯನ.

ಮೊದಲ ವಾರ 2,000 ಹಾಕಿದೆ, 3,200 ತೆಗೆದೆ. ಅರ್ಧ ಗಂಟೆಯಲ್ಲಿ ಅಕೌಂಟ್‌ಗೆ ಬಂತು. ಕಳಿಸಿದವರ ಹೆಸರು ಯಾರೋ ಹೆಂಗಸಿನದು, ಕಂಪನಿಯದಲ್ಲ. ಪ್ರತಿ ಸಲ ದುಡ್ಡು ಹಾಕುವಾಗಲೂ ಬೇರೆ ಬೇರೆ ಯುಪಿಐ ಐಡಿ ಕೊಡುತ್ತಿದ್ದರು. ದಿನಾ ಬ್ಯಾಂಕ್ ತಾಳೆ ನೋಡುವ ನನಗೆ ಅಲ್ಲೇ ಗಂಟೆ ಹೊಡೆಯಬೇಕಿತ್ತು. ಈ 3,200 ನೆನಪಿಟ್ಟುಕೊಳ್ಳಿ, ಮುಂದೆ ಬರುತ್ತದೆ.

ಆಮೇಲೆ ಸಂಜೆ ಮೆಟ್ರೋದಲ್ಲೇ ಆಟ. ಪೀಣ್ಯದಿಂದ ಬನಶಂಕರಿಗೆ ಹಸಿರು ಮಾರ್ಗದಲ್ಲಿ ಮುಕ್ಕಾಲು ಗಂಟೆ ಹತ್ತಿರ. ಸಂಪಿಗೆ ರಸ್ತೆ ದಾಟಿ ರೈಲು ಸುರಂಗಕ್ಕೆ ಇಳಿದಾಗ ನೆಟ್‌ವರ್ಕ್ ಹೋಗಿ ಚಕ್ರ ಅರ್ಧಕ್ಕೆ ನಿಲ್ಲುತ್ತಿತ್ತು, ನ್ಯಾಷನಲ್ ಕಾಲೇಜ್ ಹತ್ತಿರ ಮೇಲೆ ಬರುವ ತನಕ ಎದೆ ಹೊಡೆದುಕೊಳ್ಳುತ್ತಿತ್ತು. ಒಂದೆರಡು ಸಲ ಬನಶಂಕರಿ ದಾಟಿ ಮುಂದೆ ಹೋಗಿಬಿಟ್ಟಿದ್ದೇನೆ. ವೇಗದ ಬಗ್ಗೆ ಯಾರೂ ಹೇಳುವುದಿಲ್ಲ. ಬೇಗ ತಿರುಗಿಸುವ ಟರ್ಬೊ ಬಟನ್ ಒತ್ತಿದರೆ ಮೂರು ಸೆಕೆಂಡಿಗೆ ಒಂದು ಸ್ಪಿನ್, ಗಂಟೆಗೆ 1,200. 20 ರೂಪಾಯಿ ಪಣ ಅಂದರೆ ಒಂದು ಗಂಟೆಯಲ್ಲಿ 24,000 ರೂಪಾಯಿ ತಿರುಗುತ್ತದೆ. ಆಟ ಪ್ರಾಮಾಣಿಕವಾಗಿದ್ದು ಆರ್‌ಟಿಪಿ 96 ಇದ್ದರೂ ಸರಾಸರಿ 960 ರೂಪಾಯಿ ಹೋಗುತ್ತದೆ. 91 ಇದ್ದರೆ 2,160. ಏರುಪೇರು ಕಡಿಮೆಯೋ ಜಾಸ್ತಿಯೋ, ಈ ಸರಾಸರಿ ಬದಲಾಗುವುದಿಲ್ಲ. ಬಸ್ಸು ಕುಲುಕುತ್ತದೋ ಇಲ್ಲವೋ ಅಂತ ವಿಚಾರಿಸಿ ಹತ್ತಿದೆ, ಬೋರ್ಡ್ ಓದಲಿಲ್ಲ.

ನವೆಂಬರ್‌ನಲ್ಲಿ ಹೆಂಡತಿ ಚೀಟಿ ಎತ್ತಿದ ದುಡ್ಡಿನಲ್ಲಿ 18,000 ನನ್ನ ಅಕೌಂಟ್‌ನಲ್ಲಿತ್ತು, ಮಗಳ ಸ್ಕೂಲ್ ಫೀಸಿಗೆ. ಎರಡು ರಾತ್ರಿಯಲ್ಲಿ ಹೋಯಿತು. ಇದರ ಬಗ್ಗೆ ಜಾಸ್ತಿ ಬರೆಯಲು ಆಗುವುದಿಲ್ಲ.

ಕೊನೆಗೆ ಒಂದು ರಾತ್ರಿ ಬೋನಸ್ ಬಿದ್ದು ಬ್ಯಾಲೆನ್ಸ್ 41,000 ತೋರಿಸಿತು. ತೆಗೆಯಲು ಹೋದರೆ, ಮೊದಲು 30 ಪರ್ಸೆಂಟ್ ತೆರಿಗೆ ಅಂತ 12,300 ಕಟ್ಟಿ, ಆಮೇಲೆ ಪೂರ್ತಿ ಬಿಡುಗಡೆ ಅಂದರು. ಗೆದ್ದ ದುಡ್ಡಿನ ತೆರಿಗೆಯನ್ನು ಕೊಡುವವನು ಮುರಿದುಕೊಂಡು ಉಳಿದದ್ದು ಕೊಡಬೇಕು, ಪಡೆಯುವವನು ಮುಂಗಡ ಕಟ್ಟುವ ಪದ್ಧತಿ ಇಲ್ಲ. ತಿಂಗಳು ತಿಂಗಳು ಟಿಡಿಎಸ್ ತುಂಬುವ ನನಗೆ ಇದು ಗೊತ್ತಿಲ್ಲವಾ? ಗೊತ್ತಿತ್ತು. ಗೊತ್ತಿದ್ದೂ ಕಟ್ಟಿದೆ. ಮಾರನೇ ದಿನ ಅಕೌಂಟ್ ಪರಿಶೀಲನೆಗೆ ಇನ್ನೂ 8,000 ಕೇಳಿದರು. ಆಗ ಕೈ ನಿಂತಿತು. ಒಟ್ಟು ಹಾಕಿದ್ದು 86,500, ಬಂದಿದ್ದು 3,200.

ಕಥೆ ಇಲ್ಲಿಗೆ ಮುಗಿದಿದ್ದರೆ ಬರೆಯುತ್ತಲೇ ಇರಲಿಲ್ಲ. ಡಿಸೆಂಬರ್ ಮೊದಲ ವಾರ ಹಾಲಿನವನಿಗೆ ಸ್ಕ್ಯಾನ್ ಮಾಡಿದರೆ ಪೇಮೆಂಟ್ ಹೋಗಲಿಲ್ಲ. ಬ್ಯಾಂಕಿಗೆ ಓಡಿದೆ. "ಸರ್, ಬೇರೆ ರಾಜ್ಯದ ಸೈಬರ್ ಪೊಲೀಸರಿಂದ ಬಂದಿದೆ, ನಿಮ್ಮ ಅಕೌಂಟ್ ಫ್ರೀಜ್ ಆಗಿದೆ" ಅಂದರು ಕೌಂಟರ್‌ನಲ್ಲಿದ್ದ ಮೇಡಂ. ನನಗೆ 3,200 ಕಳಿಸಿದ ಆ ಅಕೌಂಟಿಗೆ ಯಾರೋ ಮೋಸ ಹೋದವರ ದುಡ್ಡು ಬಂದಿತ್ತಂತೆ. ಇಂಥವರು ಬಾಡಿಗೆಗೆ ತೆಗೆದುಕೊಂಡ ಅಕೌಂಟ್‌ಗಳಲ್ಲಿ ದುಡ್ಡು ಸುತ್ತಿಸುತ್ತಾರೆ, ಪೊಲೀಸರು ಅದು ಹರಿದು ಹೋದ ದಾರಿಯಲ್ಲಿದ್ದ ಅಕೌಂಟ್ ಎಲ್ಲಾ ತಡೆಹಿಡಿಯುತ್ತಾರೆ. ಸಂಬಳ ಬರುವ ಅಕೌಂಟೇ ಅದು. ಮನೆ ಸಾಲದ ಕಂತು ಬೌನ್ಸ್ ಆಯಿತು. ಐದು ವಾರ ಮೇಲ್, ಫೋನ್, ಸ್ಟೇಟ್‌ಮೆಂಟ್, ವಿವರಣೆ ಪತ್ರ. ಮನೆಯಲ್ಲಿ ಹೇಳಲೇಬೇಕಾಯಿತು, ಹೇಳಿದೆ. ಹೆಂಡತಿ ಏನೂ ಅನ್ನಲಿಲ್ಲ, ನನ್ನ ಫೋನ್ ತೆಗೆದುಕೊಂಡು ಟೆಲಿಗ್ರಾಂ ಅಳಿಸಿ ವಾಪಸ್ ಕೊಟ್ಟಳು.

ಕಾನೂನು ಏನು ಅಂತ ಕೇಳುವವರಿಗೆ: 2025ರ ಆಗಸ್ಟ್‌ನಲ್ಲಿ ಸಂಸತ್ತು ಪಾಸ್ ಮಾಡಿದ ಆನ್‌ಲೈನ್ ಗೇಮಿಂಗ್ ಕಾಯ್ದೆ ದುಡ್ಡು ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುತ್ತದೆ, ಅದೃಷ್ಟದ್ದಿರಲಿ ಕೌಶಲ್ಯದ್ದಿರಲಿ. ನಡೆಸುವವರಿಗೆ 3 ವರ್ಷದ ತನಕ ಜೈಲು, 1 ಕೋಟಿ ತನಕ ದಂಡ. ಬರೀ ಆಡಿದವನಿಗೆ ಅದರಲ್ಲಿ ಶಿಕ್ಷೆ ಇಲ್ಲ, ಹಾಗಾಗಿ ದೂರು ಕೊಡಲು ಹೆದರಬೇಡಿ. ಆದ್ರೆ ಈಗ ಉಳಿದಿರುವವರು ಹೆಸರು ವಿಳಾಸ ಇಲ್ಲದವರೇ ಜಾಸ್ತಿ, ಯಾರ ಮೇಲೆ ದೂರು ಅನ್ನುವುದೇ ಪ್ರಶ್ನೆ. ನಮ್ಮಪ್ಪ ಮೆಜೆಸ್ಟಿಕ್‌ನಲ್ಲಿ ಬಸ್ಸಿಗೆ ಕಾಯುವಾಗ ಲಾಟರಿ ಟಿಕೆಟ್ ತೆಗೆಯುತ್ತಿದ್ದರು, 2007ರಲ್ಲಿ ರಾಜ್ಯ ಸರ್ಕಾರ ಲಾಟರಿ ನಿಲ್ಲಿಸಿದಾಗ ಅಮ್ಮ ಪಾಯಸ ಮಾಡಿದ್ದಳು. ಅಪ್ಪ ಟಿಕೆಟ್ ಕೊಳ್ಳಲು ಅಂಗಡಿ ತನಕ ಹೋಗಬೇಕಿತ್ತು.

ದುಡ್ಡು ಹೋಗಿದ್ದರೆ ತಡ ಮಾಡದೆ ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಫೋನ್ ಮಾಡಿ, ನಾನು ಹತ್ತು ದಿನ ನಾಚಿಕೆಯಲ್ಲಿ ಕಳೆದೆ, ಅಷ್ಟರಲ್ಲಿ ದುಡ್ಡು ಎಲ್ಲೆಲ್ಲೋ ಹೋಗಿತ್ತು. ಬಿಡಲು ಆಗುತ್ತಿಲ್ಲ ಅನ್ನುವವರಿಗೆ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416 ಇದೆ, ಕನ್ನಡದಲ್ಲೇ ಮಾತಾಡುತ್ತಾರೆ. ನಿಮ್ಹಾನ್ಸ್‌ನಲ್ಲಿ ಫೋನ್, ಗೇಮ್ ಚಟಕ್ಕೆ ಅಂತಲೇ ಶಟ್ ಕ್ಲಿನಿಕ್ 2014ರಿಂದ ನಡೆಯುತ್ತಿದೆ. ನಾನು ಎರಡು ಸಲ ಹೋಗಿ ಬಂದೆ.

ಮೊನ್ನೆ ಡಿಸ್ಪ್ಯಾಚ್ ಹುಡುಗ ಬಂದು, "ಗುರು, ನಿನ್ನ ಹತ್ತಿರ ಆ ಎಕ್ಸೆಲ್ ಶೀಟ್ ಇದೆಯಂತಲ್ಲ, ಕಡಿಮೆ ಏರುಪೇರಿನ ಆಟ ಯಾವುದು ಅಂತ ಸ್ವಲ್ಪ ಹೇಳು" ಅಂದ. ಆ 61 ಸಾಲಿಗೆ ಕೆಂಪು ಬಣ್ಣ ಹಾಕಿ ಅವನಿಗೆ ಕಳಿಸಿದ್ದೇನೆ. ನನ್ನ ಅಕೌಂಟ್ ಈಗ ತೆರೆದಿದೆ. 3,200ನ್ನು ಮಾತ್ರ ಇನ್ನೂ ಹಿಡಿದಿಟ್ಟಿದ್ದಾರೆ.