ಚಿಂಕ್ವೆ ತೆರ್ರೆಯ ಖಾಸಗಿ ದೋಣಿ ಪ್ರವಾಸಕ್ಕೆ ಹಣ ಕಟ್ಟುವ ಮುನ್ನ ದಯವಿಟ್ಟು ಓದಿ

ಇಟಲಿಯ ಲಿಗೂರಿಯಾ ಕರಾವಳಿಯಲ್ಲಿ ಸಾಲಾಗಿರುವ ಐದು ಹಳ್ಳಿಗಳ ಚಿಂಕ್ವೆ ತೆರ್ರೆಗೆ ಹೋಗಲು ಸಿದ್ಧತೆ ಮಾಡಿಕೊಳ್ಳುತ್ತಿರುವವರು, ಅದರಲ್ಲೂ ಊರಿನಿಂದ ಬಂದಿರುವ ವಯಸ್ಸಾದ ತಂದೆತಾಯಿಯರನ್ನು ಜೊತೆಗೆ ಕರೆದೊಯ್ಯುವವರು, ಲಾ ಸ್ಪೆಟ್ಸಿಯಾ ಬಂದರಿನಿಂದ ಹೊರಡುವ ಖಾಸಗಿ ದೋಣಿ ಪ್ರವಾಸಕ್ಕೆ ಹಣ ಕಟ್ಟುವ ಮೊದಲು ಇದನ್ನು ಪೂರ್ತಿಯಾಗಿ ಓದಬೇಕೆಂದು ಕೇಳಿಕೊಳ್ಳುತ್ತೇನೆ. ನಾವು ತಲೆಗೆ 120 ಯೂರೋದಂತೆ ನಾಲ್ಕು ಜನಕ್ಕೆ 480 ಯೂರೋ ಕೊಟ್ಟೆವು. ಐದು ಹಳ್ಳಿಗಳಲ್ಲೂ ಇಳಿಸುತ್ತೇವೆ ಎಂದು ಬರೆದುಕೊಂಡಿದ್ದವರು ನಮ್ಮನ್ನು ಇಳಿಸಿದ್ದು ಒಂದೇ ಹಳ್ಳಿಯಲ್ಲಿ, ಅದೂ ಒಂದು ಗಂಟೆ ತುಂಬುವ ಮೊದಲೇ ಮತ್ತೆ ದೋಣಿಗೆ ಹತ್ತಿಸಿಕೊಂಡರು. ಹಣ ಹೋದದ್ದಕ್ಕಿಂತ, ಕೇಳಿದಾಗಲೆಲ್ಲ ಅವರು ಕೊಟ್ಟ ಒಂದೊಂದು ಬಗೆಯ ಉತ್ತರವೇ ನನ್ನನ್ನು ಇಷ್ಟು ಬರೆಯುವಂತೆ ಮಾಡಿದೆ.

ನಾವು ಮ್ಯೂನಿಕ್‌ನಲ್ಲಿದ್ದೇವೆ. ಬೇಸಿಗೆಗೆ ಅಪ್ಪ ಅಮ್ಮ ಸಾಗರದಿಂದ ಬಂದಿದ್ದರು. ಅಪ್ಪನಿಗೆ ಮಂಡಿನೋವು ಇರುವುದರಿಂದ ರೈಲು ನಿಲ್ದಾಣಗಳ ಮೆಟ್ಟಿಲು ಹತ್ತಿ ಇಳಿಯುವ ಶ್ರಮ ತಪ್ಪಲಿ ಎಂಬ ಒಂದೇ ಕಾರಣಕ್ಕೆ ದೋಣಿಯನ್ನು ಆರಿಸಿಕೊಂಡೆವು. ಜಾಲತಾಣದಲ್ಲಿ ಐದು ಹಳ್ಳಿಗಳ ಹೆಸರನ್ನೂ ಸಾಲಾಗಿ ಕೊಟ್ಟಿದ್ದರು: ರಿಯೊಮಜ್ಜೋರೆ, ಮನರೋಲಾ, ಕೊರ್ನಿಲ್ಯಾ, ವೆರ್ನಾಟ್ಸಾ, ಮೊಂತೆರೊಸ್ಸೊ. ಪ್ರತಿಯೊಂದರ ಪಕ್ಕದಲ್ಲೂ ಇಳಿದು ಸುತ್ತಾಡಲು ಸಮಯವಿದೆ ಎಂಬ ಮಾತಿತ್ತು. ಸಸ್ಯಾಹಾರಿ ಊಟ ಸಿಗುತ್ತದೆಯೇ ಎಂದು ವಾಟ್ಸ್‌ಆ್ಯಪ್‌ನಲ್ಲಿ ಕೇಳಿದರೆ ಐದು ನಿಮಿಷದಲ್ಲಿ ಉತ್ತರ ಬಂತು. ನಮ್ಮ ತಂದೆಗೆ ದೋಣಿಯಿಂದ ಇಳಿಯಲು ಯಾರಾದರೂ ಕೈ ಹಿಡಿಯುತ್ತಾರೆಯೇ ಎಂದು ಕೇಳಿದ್ದಕ್ಕೂ “ಖಂಡಿತ, ಪ್ರತಿ ಹಳ್ಳಿಯಲ್ಲೂ ನಮ್ಮ ಸಿಬ್ಬಂದಿ ಸಹಾಯ ಮಾಡುತ್ತಾರೆ” ಎಂದು ಬರೆದರು. ಪ್ರತಿ ಹಳ್ಳಿಯಲ್ಲೂ! ಆ ಸಂದೇಶ ಈಗಲೂ ನನ್ನ ಫೋನಿನಲ್ಲಿದೆ.

ಆ ಸೀಮೆಯನ್ನು ಬಲ್ಲ ಯಾರೇ ಆದರೂ ಅಂಥ ಮಾತು ಬರೆಯುವುದು ಸಾಧ್ಯವಿಲ್ಲ. ಐದರಲ್ಲಿ ಕೊರ್ನಿಲ್ಯಾಕ್ಕೆ ಬಂದರೇ ಇಲ್ಲ. ಅದು ಸಮುದ್ರ ಮಟ್ಟದಿಂದ ಸುಮಾರು 100 ಮೀಟರ್ ಎತ್ತರದ ಬಂಡೆಯ ನೆತ್ತಿಯ ಮೇಲಿದೆ, ಕೆಳಗಿನ ರೈಲು ನಿಲ್ದಾಣದಿಂದ ಊರಿಗೆ ಹೋಗಬೇಕೆಂದರೆ ಲಾರ್ದರೀನಾ ಎಂಬ 382 ಮೆಟ್ಟಿಲುಗಳ ಸೋಪಾನವನ್ನು ಹತ್ತಬೇಕು, ಇಲ್ಲವೇ ಅಲ್ಲಿಂದ ಓಡಾಡುವ ಚಿಕ್ಕ ಬಸ್ಸನ್ನು ಹಿಡಿಯಬೇಕು. ಸಾರ್ವಜನಿಕ ಫೆರ್ರಿಯೂ ಉಳಿದ ನಾಲ್ಕು ಹಳ್ಳಿಗಳಲ್ಲಿ ಮಾತ್ರ ನಿಲ್ಲುತ್ತದೆ. ಅದೇ ಬಂದರಿನಲ್ಲಿ ದೋಣಿ ನಡೆಸಿ ಬದುಕುವವರಿಗೆ ಇದು ಗೊತ್ತಿರಲಿಲ್ಲ ಎಂದರೆ ನಾನು ನಂಬುವುದಿಲ್ಲ. ಗೊತ್ತಿದ್ದೇ ಬರೆದಿದ್ದಾರೆ, ದೂರದಿಂದ ಬರುವವರಿಗೆ ಗೊತ್ತಿರುವುದಿಲ್ಲ ಎಂಬ ಧೈರ್ಯದಿಂದ ಬರೆದಿದ್ದಾರೆ.

ಬೆಳಿಗ್ಗೆ ಹೊರಟಾಗ ಎಲ್ಲವೂ ಸರಿಯಾಗಿಯೇ ಇತ್ತು. ಕೊಲ್ಲಿಯಿಂದ ಹೊರಗೆ ಬರುವಾಗ ಪೋರ್ತೊವೆನೆರೆಯ ತುದಿಬಂಡೆಯ ಮೇಲಿರುವ ಸಂತ ಪೀಟರನ ಚರ್ಚು, ಎದುರಿಗೆ ಪಲ್ಮಾರಿಯಾ ದ್ವೀಪ, ಅದನ್ನು ದಾಟಿದ ಮೇಲೆ ತೆರೆದ ಸಮುದ್ರ. ಅಲ್ಲಿ ದೋಣಿ ಸ್ವಲ್ಪ ಅಲುಗಾಡಿತು, ಆದರೆ ಯಾರೂ ಹೆದರುವಷ್ಟೇನೂ ಅಲ್ಲ. ರಿಯೊಮಜ್ಜೋರೆಯ ಎದುರು ಬಂದಾಗ ಎಂಜಿನ್ ನಿಧಾನವಾಯಿತು. ಇಳಿಯಬೇಕೆಂದು ಅಮ್ಮ ಚೀಲವನ್ನು ಹೆಗಲಿಗೇರಿಸಿಕೊಂಡು ಎದ್ದು ನಿಂತರು. ಮಾರ್ಗದರ್ಶಿ ಹುಡುಗ ಮೈಕು ಹಿಡಿದು ಮನೆಗಳ ಬಣ್ಣಗಳ ಬಗ್ಗೆ, ಗುಡ್ಡವನ್ನೆಲ್ಲ ಕಡಿದು ಕಲ್ಲಿನ ಒಣಗೋಡೆ ಕಟ್ಟಿ ಮಾಡಿರುವ ದ್ರಾಕ್ಷಿ ತೋಟಗಳ ಬಗ್ಗೆ, 1997ರಲ್ಲಿ ಯುನೆಸ್ಕೊ ಇವನ್ನೆಲ್ಲ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿದ್ದರ ಬಗ್ಗೆ ಹೇಳಿದ. ಎಲ್ಲರೂ ಫೋಟೋ ತೆಗೆದುಕೊಂಡರು. ಆಮೇಲೆ ಎಂಜಿನ್ ಮತ್ತೆ ಜೋರಾಯಿತು, ದೋಣಿ ಮುಂದಕ್ಕೆ ಹೊರಟೇಬಿಟ್ಟಿತು. ಇಲ್ಲಿ ಇಳಿಯುವುದಿಲ್ಲವೇ ಎಂದು ನಾನು ಕೇಳಿದೆ. “ಇವತ್ತು ಸಮುದ್ರ ಒರಟಾಗಿದೆ, ನಿಮ್ಮ ಸುರಕ್ಷತೆಯೇ ನಮಗೆ ಮುಖ್ಯ” ಎಂದ. ಒಪ್ಪಿಕೊಂಡೆವು. ಸಮುದ್ರದ ವಿಷಯದಲ್ಲಿ ವಾದ ಮಾಡುವವರು ನಾವಲ್ಲ, ಅಲೆ ಜಾಸ್ತಿಯಾದ ದಿನ ಅಲ್ಲಿ ದೊಡ್ಡ ಫೆರ್ರಿಗಳೂ ಹಳ್ಳಿಗಳಿಗೆ ತಾಗದೆ ಹೋಗುತ್ತವೆ, ಕೆಲವೊಮ್ಮೆ ಇಡೀ ದಿನದ ಸಂಚಾರವನ್ನೇ ನಿಲ್ಲಿಸುತ್ತಾರೆ ಎಂಬುದು ಎಲ್ಲರಿಗೂ ಗೊತ್ತಿರುವ ಸಂಗತಿ.

ಆದರೆ ಮನರೋಲಾದಲ್ಲಿ ನಡೆದದ್ದನ್ನು ನೋಡಿ. ನಮ್ಮ ದೋಣಿ ದಡದಿಂದ ದೂರದಲ್ಲಿ ನಿಂತು ತೂಗಾಡುತ್ತಿತ್ತು, ಹುಡುಗ ಮತ್ತೆ ಮೈಕು ಹಿಡಿದಿದ್ದ. ಅಷ್ಟರಲ್ಲಿ ನಮ್ಮ ಪಕ್ಕದಲ್ಲೇ ಸಾರ್ವಜನಿಕ ಫೆರ್ರಿ ಬಂತು. ನಮ್ಮನ್ನು ದಾಟಿ ನೇರವಾಗಿ ಬಂಡೆಯ ಕಡೆಗೆ ಹೋಯಿತು, ಮೂತಿಯನ್ನು ಕಲ್ಲಿನ ಕಟ್ಟೆಗೆ ತಾಗಿಸಿ ನಿಂತಿತು, ಮುಂಭಾಗದಿಂದ ಕಟಕಟೆಯಿರುವ ಉದ್ದನೆಯ ಹಲಗೆಯನ್ನು ಕೆಳಗಿಳಿಸಿದರು, ಆ ಕಡೆ ಒಬ್ಬ ಈ ಕಡೆ ಒಬ್ಬ ನಾವಿಕ ನಿಂತು ಇಳಿಯುವವರ ಕೈ ಹಿಡಿದರು. ಚಿಕ್ಕ ಮಕ್ಕಳು ಇಳಿದರು. ಊರುಗೋಲು ಹಿಡಿದ ಒಬ್ಬ ಅಜ್ಜಿ ಇಳಿದರು. ಅವರು ಇಳಿದು, ಕಟ್ಟೆಯ ಮೇಲೆ ಟೋಪಿ ಸರಿಮಾಡಿಕೊಂಡು, ಮೆಟ್ಟಿಲಿನತ್ತ ನಡೆಯುವವರೆಗೂ ನಾವೆಲ್ಲ ನಮ್ಮ ದೋಣಿಯಲ್ಲಿ ಕುಳಿತು ನೋಡಿದೆವು. ನಮ್ಮ ತಂದೆ ಸಿಗಂದೂರಿನ ಲಾಂಚಿನಲ್ಲಿ ಹರೆಯದಿಂದಲೂ ಶರಾವತಿ ಹಿನ್ನೀರು ದಾಟಿದವರು, ದೋಣಿಯನ್ನು ಧಕ್ಕೆಗೆ ತಾಗಿಸುವುದೆಂದರೆ ಏನೆಂದು ತಿಳಿದವರು. ಅವರು ಸಿಟ್ಟು ಮಾಡಲಿಲ್ಲ. “ಅಲ್ಲಾ ಪುಟ್ಟಿ, ಅದಕ್ಕಿಲ್ಲದ ಅಲೆ ನಮ್ಮ ದೋಣಿಗೆ ಮಾತ್ರ ಎಲ್ಲಿಂದ ಬಂತು?” ಎಂದು ಮೆಲ್ಲಗೆ ಕೇಳಿದರು. ನನಗೆ ಆ ಕ್ಷಣ ಮುಖವೆಲ್ಲ ಬಿಸಿಯಾಯಿತು. ಇವರು ಇಳಿಸುವುದೇ ಇಲ್ಲ, ಇಳಿಸುವ ಯೋಚನೆ ಬೆಳಿಗ್ಗೆಯೂ ಇರಲಿಲ್ಲ, ಹಣ ಕಟ್ಟಿಸಿಕೊಂಡ ದಿನವೂ ಇರಲಿಲ್ಲ ಎಂಬುದು ಅಲ್ಲಿಯೇ ಖಚಿತವಾಯಿತು.

ಹುಡುಗನನ್ನು ಮತ್ತೆ ಕೇಳಿದೆ. “ಆ ಫೆರ್ರಿ ದೊಡ್ಡದು, ನಮ್ಮದು ಚಿಕ್ಕದು” ಎಂದ. ಹಾಗಿದ್ದರೆ ಚಿಕ್ಕ ದೋಣಿಯಲ್ಲಿ ಐದು ಹಳ್ಳಿಗಳಲ್ಲಿ ಇಳಿಸುತ್ತೇವೆಂದು ಏಕೆ ಬರೆದಿರಿ ಎಂದರೆ ನಕ್ಕು ಬೇರೆ ಕಡೆ ತಿರುಗಿದ. ವೆರ್ನಾಟ್ಸಾ ಅಮ್ಮ ನೋಡಲೇಬೇಕೆಂದಿದ್ದ ಹಳ್ಳಿ. ನೀರಿನ ಅಂಚಿಗೇ ಕಟ್ಟಿರುವ ಸಂತ ಮಾರ್ಗರೀತಾಳ ಚರ್ಚು, ಅದರ ಮುಂದಿನ ಚಿಕ್ಕ ಚೌಕ, ಮೇಲಿನ ಕೋಟೆಯ ದುಂಡು ಗೋಪುರ, ಎಲ್ಲವನ್ನೂ ಊರಿನಲ್ಲಿದ್ದಾಗಲೇ ಫೋಟೋದಲ್ಲಿ ನೋಡಿಕೊಂಡು ಬಂದಿದ್ದರು. 2011ರ ಅಕ್ಟೋಬರಿನ ಪ್ರವಾಹದಲ್ಲಿ ಮಣ್ಣು, ಕಲ್ಲು ನುಗ್ಗಿ ಹೂತುಹೋಗಿದ್ದ ಬೀದಿಯನ್ನು ಊರವರು ಮತ್ತೆ ಎಬ್ಬಿಸಿ ನಿಲ್ಲಿಸಿದ್ದರ ಬಗ್ಗೆಯೂ ನಾನು ಅವರಿಗೆ ಹೇಳಿದ್ದೆ. ಅಲ್ಲಿ ಅಲೆ ತಡೆಯುವ ಒಡ್ಡು ಇದೆ, ಒಳಗೆ ನೀರು ಶಾಂತವಾಗಿತ್ತು, ಫೆರ್ರಿ ಅಲ್ಲಿಯೂ ಜನರನ್ನು ಇಳಿಸುತ್ತಿತ್ತು. ನಮ್ಮವರು ಹೊರಗೆ ನಿಲ್ಲಿಸಿದರು. ಈ ಸಲ ಕೊಟ್ಟ ಉತ್ತರ: “ಇದು ಕ್ಯಾಪ್ಟನ್ನರ ತೀರ್ಮಾನ.” ಕ್ಯಾಪ್ಟನ್ ಮೂರು ಹೆಜ್ಜೆ ದೂರದಲ್ಲಿ ಚುಕ್ಕಾಣಿ ಹಿಡಿದು ನಿಂತಿದ್ದರೂ ನನ್ನ ಕಡೆ ತಿರುಗಿ ಒಂದು ಮಾತು ಆಡಲಿಲ್ಲ.

ಕೊನೆಗೆ ಮೊಂತೆರೊಸ್ಸೊದಲ್ಲಿ ಇಳಿಸಿದರು. ಕೊಟ್ಟ ಸಮಯದಲ್ಲಿ ಶೌಚಾಲಯ ಹುಡುಕಿ, ನೀರಿನ ಬಾಟಲಿ ಕೊಂಡು, ಅಪ್ಪ ಒಂದು ಬೆಂಚಿನ ಮೇಲೆ ಕೂರುವಷ್ಟರಲ್ಲಿ ವಾಪಸ್ ಕರೆದರು. ಊಟದ ವಿಷಯ ಹೇಳಿದರೆ ಇನ್ನೂ ಸಂಕಟ. ಪೊಟ್ಟಣ ಬಿಚ್ಚಿದರೆ ಫೊಕಾಚ್ಚಾ ರೊಟ್ಟಿಯ ಮೇಲೆ ಮೀನು, ಆ ಕಡೆಯ ಹೆಸರಾಂತ ಆಂಚೊವಿ. ಸಸ್ಯಾಹಾರವೆಂದು ಬರೆದು ಕೊಟ್ಟಿದ್ದೇವಲ್ಲ ಎಂದರೆ “ಮೇಲಿನದನ್ನು ತೆಗೆದು ತಿನ್ನಿ” ಎಂಬ ಉತ್ತರ. ಹುಟ್ಟಿದಾಗಿನಿಂದ ಮೀನು ಮುಟ್ಟದ ಅಮ್ಮನಿಗೆ ಮೇಲಿನದನ್ನು ತೆಗೆದು ತಿನ್ನಿ ಎನ್ನುವುದೇ! ಇಬ್ಬರೂ ಚೀಲದಲ್ಲಿದ್ದ ಚಕ್ಕುಲಿ ತಿಂದು ದಿನ ಕಳೆದರು. ಹಿಂದಿರುಗುವಾಗ ಪಲ್ಮಾರಿಯಾದ ಹತ್ತಿರ ಈಜಲೆಂದು ದೋಣಿಯನ್ನು ಬಹಳ ಹೊತ್ತು ನಿಲ್ಲಿಸಿದರು. ಹಳ್ಳಿಗಳಿಗೆ ಇಲ್ಲದ ಸಮಯ ಅಲ್ಲಿ ಧಾರಾಳವಾಗಿ ಸಿಕ್ಕಿತು. ಆ ಹೊತ್ತಿನಲ್ಲಿ ಅಪ್ಪ ಈ ಪ್ರವಾಸಕ್ಕೆ ಎಷ್ಟು ಕೊಟ್ಟಿರಿ ಎಂದು ಕೇಳಿದರು. ನನ್ನ ಬಾಯಿಂದ ಮೊತ್ತ ಹೊರಡಲಿಲ್ಲ. ನನ್ನ ಗಂಡ ಮಾತು ಬದಲಿಸಿದರು.

ದಡಕ್ಕೆ ಬಂದ ಮೇಲೆ ಟಿಕೆಟ್ ಮೇಜಿನ ಬಳಿ ಹೋದರೆ ಅಲ್ಲಿದ್ದ ಮಹಿಳೆ, ಇದು ತಮಗೆ ಸಂಬಂಧಿಸಿದ್ದಲ್ಲ, ಕಚೇರಿಗೆ ಇಮೇಲ್ ಕಳುಹಿಸಿ ಎಂದರು. ಕಳುಹಿಸಿದೆ. ಮೊದಲ ಉತ್ತರ, ಹವಾಮಾನ ನಮ್ಮ ಕೈಯಲ್ಲಿಲ್ಲ, ಹಣ ಹಿಂದಿರುಗಿಸುವ ನಿಯಮವಿಲ್ಲ ಎಂದು. ಅದಕ್ಕೆ ನಾನು ಮನರೋಲಾದಲ್ಲಿ ಫೆರ್ರಿಯಿಂದ ಜನ ಇಳಿಯುತ್ತಿರುವ, ಸಮಯ ನಮೂದಾಗಿರುವ ಫೋಟೋಗಳನ್ನು ಸೇರಿಸಿ ಮತ್ತೆ ಬರೆದೆ. ಆಗ ಬಂದ ಉತ್ತರವನ್ನು ಓದಿ ಕೈ ನಡುಗಿತು: ಆ ಹಳ್ಳಿಗಳ ಧಕ್ಕೆಗಳಲ್ಲಿ ತಮ್ಮ ದೋಣಿಗೆ ತಂಗುವ ಅನುಮತಿ ಇಲ್ಲ, ಆದ್ದರಿಂದ ಮೊಂತೆರೊಸ್ಸೊ ಬಿಟ್ಟು ಬೇರೆಲ್ಲಿಯೂ ಇಳಿಸುವ ಪದ್ಧತಿಯೇ ಇಲ್ಲ ಎಂದು ಅವರೇ ಬರೆದಿದ್ದರು. ಪದ್ಧತಿಯೇ ಇಲ್ಲ! ಹಾಗಾದರೆ ಒರಟು ಸಮುದ್ರ, ನಮ್ಮ ಸುರಕ್ಷತೆ, ಕ್ಯಾಪ್ಟನ್ನರ ತೀರ್ಮಾನ, ಇವೆಲ್ಲ ಏನು? ದೋಣಿಯಲ್ಲಿದ್ದ ಅಷ್ಟೂ ಜನರ ಮುಖ ನೋಡಿಕೊಂಡು ಹೇಳಿದ ಸುಳ್ಳಲ್ಲವೇ? ಇದನ್ನೇ ಕೇಳಿ ಮೂರನೆಯ ಸಲ ಬರೆದದ್ದಕ್ಕೆ, ನೀವು ದಿನವಿಡೀ ಸೇವೆಯನ್ನು ಬಳಸಿದ್ದೀರಿ, ದೋಣಿಯಲ್ಲಿ ನಗುತ್ತಾ ಫೋಟೋ ತೆಗೆಸಿಕೊಂಡಿದ್ದೀರಿ, ಆದರೂ ಸೌಹಾರ್ದಕ್ಕಾಗಿ ಮುಂದಿನ ವರ್ಷದೊಳಗಿನ ಇನ್ನೊಂದು ಪ್ರವಾಸಕ್ಕೆ ಶೇ 15 ರಿಯಾಯಿತಿ ಕೊಡುತ್ತೇವೆ ಎಂದರು. ಅವರದೇ ದೋಣಿಗೆ ಇನ್ನೊಮ್ಮೆ ಹಣ ಕೊಡಬೇಕಂತೆ. ಊಟದ ಬಗ್ಗೆ ಯಾವ ಪತ್ರದಲ್ಲೂ ಒಂದು ಅಕ್ಷರವಿಲ್ಲ.

ಹೋಗುವವರಿಗೆ ನಾನು ಹೇಳುವುದು ಇಷ್ಟೇ. ಲಾ ಸ್ಪೆಟ್ಸಿಯಾದಿಂದ ಸುಮಾರಾಗಿ ಮಾರ್ಚ್ ಕೊನೆಯಿಂದ ನವೆಂಬರ್ ಆರಂಭದವರೆಗೆ ಸಾರ್ವಜನಿಕ ಫೆರ್ರಿ ಓಡುತ್ತದೆ. ಅದರ ದಿನದ ಟಿಕೆಟ್‌ನಲ್ಲಿ ನಾಲ್ಕು ಹಳ್ಳಿಗಳಲ್ಲೂ ಇಳಿದು, ನೋಡಿ, ಮುಂದಿನ ಫೆರ್ರಿ ಹತ್ತಬಹುದು, ನಾವು ಕೊಟ್ಟ ಹಣದ ಅರ್ಧವೂ ಅದಕ್ಕೆ ಬೇಕಾಗುವುದಿಲ್ಲ. ಸಮುದ್ರ ಕೆಟ್ಟಿದ್ದರೆ ರೈಲು ಇದೆ. ಲಾ ಸ್ಪೆಟ್ಸಿಯಾದಿಂದ ಲೆವಾಂತೊವರೆಗೆ ಐದು ಹಳ್ಳಿಗಳಲ್ಲೂ ನಿಲ್ಲುತ್ತಾ ಹೋಗುವ ರೈಲಿನಲ್ಲಿ ರಿಯೊಮಜ್ಜೋರೆ ಹತ್ತು ನಿಮಿಷದ ದಾರಿಯೂ ಅಲ್ಲ, ಅಲ್ಲಿಂದ ಮುಂದೆ ಒಂದು ಹಳ್ಳಿಯಿಂದ ಇನ್ನೊಂದಕ್ಕೆ ಕೆಲವೇ ನಿಮಿಷ. ಖಾಸಗಿ ದೋಣಿಯೇ ಬೇಕೆನ್ನುವವರು ಯಾವ ಯಾವ ಹಳ್ಳಿಯ ಧಕ್ಕೆಯಲ್ಲಿ ತಂಗಲು ನಿಮಗೆ ಅನುಮತಿ ಇದೆ ಎಂದು ಬರಹದಲ್ಲಿ ಕೇಳಿ, ಉತ್ತರ ಬರುವವರೆಗೆ ಹಣ ಕೊಡಬೇಡಿ. ಕೊರ್ನಿಲ್ಯಾದಲ್ಲಿ ದೋಣಿಯಿಂದ ಇಳಿಸುತ್ತೇವೆ ಎಂದು ಬರೆದಿರುವವರಿಗಂತೂ ಒಂದು ಯೂರೋ ಕೂಡ ಕೊಡಬೇಡಿ.

ನಾವು ಯುರೋಪಿನಲ್ಲೇ ಇರುವುದರಿಂದ, ಇಂಥ ಹೊರದೇಶದ ವ್ಯಾಪಾರಿಗಳ ಮೇಲಿನ ದೂರುಗಳನ್ನು ನೋಡುವ ಜರ್ಮನಿಯ ಯುರೋಪಿಯನ್ ಗ್ರಾಹಕ ಕೇಂದ್ರಕ್ಕೆ ಬರೆದಿದ್ದೇನೆ. ಭಾರತದಿಂದ ಪ್ರವಾಸಕ್ಕೆ ಬಂದವರಿಗೆ ಆ ದಾರಿ ಇಲ್ಲ, ಅವರು ಕಾರ್ಡಿನಲ್ಲಿ ಪಾವತಿ ಮಾಡಿದ್ದರೆ ತಮ್ಮ ಬ್ಯಾಂಕಿನಲ್ಲಿ ಚಾರ್ಜ್‌ಬ್ಯಾಕ್, ಅಂದರೆ ಕಟ್ಟಿದ ಹಣವನ್ನು ಬ್ಯಾಂಕಿನ ಮೂಲಕ ವಾಪಸ್ ಕೊಡಿಸುವಂತೆ, ಕೇಳಬಹುದು. ನಾನೂ ಕಾರ್ಡಿನ ಬ್ಯಾಂಕಿಗೆ ಅರ್ಜಿ ಹಾಕಿದ್ದೇನೆ, ತೀರ್ಮಾನ ಇನ್ನೂ ಬಂದಿಲ್ಲ. ಇದಕ್ಕೆಲ್ಲ ಬೇಕಾಗುವ ಮುಖ್ಯ ಸಾಕ್ಷ್ಯ ಅವರ ಜಾಹೀರಾತಿನ ಪುಟ, ಹಣ ಕಟ್ಟಿದ ದಿನವೇ ಅದರ ಸ್ಕ್ರೀನ್‌ಶಾಟ್ ತೆಗೆದಿಟ್ಟುಕೊಳ್ಳಿ. ಏಕೆಂದರೆ ನಾನು ಮೂರನೆಯ ಪತ್ರ ಬರೆದ ವಾರದಲ್ಲೇ ಅವರು ತಮ್ಮ ಜಾಲತಾಣವನ್ನು ತಿದ್ದಿದ್ದಾರೆ. ಪ್ರತಿ ಹಳ್ಳಿಯಲ್ಲೂ ಇಳಿದು ಸುತ್ತಾಡಲು ಸಮಯವಿದೆ ಎಂದಿದ್ದ ಜಾಗದಲ್ಲಿ ಈಗ “ಸಮುದ್ರದಿಂದ ಹಳ್ಳಿಗಳ ದರ್ಶನ” ಎಂದಿದೆ. ಬೆಲೆ ಮಾತ್ರ ಹಾಗೆಯೇ 120 ಯೂರೋ ಇದೆ, ಮೇಲ್ಗಡೆ ವೆರ್ನಾಟ್ಸಾದ ಚೌಕದಲ್ಲಿ ನಿಂತು ತೆಗೆದ ಫೋಟೋ ಕೂಡ ಹಾಗೆಯೇ ಇದೆ.