ದಿನಾ ಉಡುವ ಉಡುಪಿ ಸೀರೆ: 80ರ ನೂಲು, ನಮ್ಮ ಊರಿನ ಸೆಕೆ

ಕರಾವಳಿಯ ಸೆಕೆಯಲ್ಲಿ ದಿನವಿಡೀ ನಿಂತು ಕೆಲಸ ಮಾಡುವ ಹೆಂಗಸರಿಗೆ, ಕೈಮಗ್ಗದಲ್ಲಿ ಹತ್ತಿ ನೂಲಿನಿಂದ ನೇಯುವ ಉಡುಪಿ ಸೀರೆಯಷ್ಟು ಒಗ್ಗುವ ಸೀರೆ ಇನ್ನೊಂದಿಲ್ಲ. ನಾನು ಹೈಸ್ಕೂಲಿನಲ್ಲಿ ಗಣಿತ ಕಲಿಸುವವಳು. ಬೆಳಿಗ್ಗೆ ಕಟಪಾಡಿಯಲ್ಲಿ ಬಸ್ಸು ಹತ್ತಿದರೆ ಸಂಜೆ ಮನೆ ಮುಟ್ಟುವವರೆಗೆ ಮೈಮೇಲೆ ಒಂದೇ ಸೀರೆ. ಮಾರ್ಚ್ ತಿಂಗಳಲ್ಲಿ ಪರೀಕ್ಷಾ ಕೊಠಡಿಯಲ್ಲಿ ಮೂರು ಗಂಟೆ ಓಡಾಡುವಾಗ ಯಾವ ಬಟ್ಟೆ ಏನು ಮಾಡುತ್ತದೆ ಎಂಬುದು ಬೆನ್ನಿಗೆ ಚೆನ್ನಾಗಿ ಗೊತ್ತಾಗುತ್ತದೆ. ದಕ್ಷಿಣ ಕನ್ನಡದ ಕಿನ್ನಿಗೋಳಿಯ ತಾಳಿಪಾಡಿ ನೇಕಾರರ ಸಂಘದಿಂದ ತಂದ ಎರಡು ಸೀರೆಗಳ ಬಗ್ಗೆ ಬರೆಯುತ್ತಿದ್ದೇನೆ. ಒಂದು 80 ಕೌಂಟಿನದು, ಎಲೆಹಸಿರು ಒಡಲು, ಅರಸಿನ ಅಂಚು. ಇನ್ನೊಂದು 40 ಕೌಂಟಿನದು, ಕಂದು ಬಣ್ಣದ ಚೌಕುಳಿ. ಎರಡನ್ನೂ ಹಬ್ಬಕ್ಕೆಂದು ಎತ್ತಿಡದೆ, ವಾರವಾರ ಒಗೆದು ಉಟ್ಟು ನೋಡಿದ್ದೇನೆ.

ಕೌಂಟು ಅಂದರೆ ಏನೆಂದು ಕೇಳದೆಯೇ ಸೀರೆ ಕೊಳ್ಳುವವರು ಬಹಳ. ಲೆಕ್ಕ ಸುಲಭ ಉಂಟು. 840 ಗಜದ ಒಂದು ಲಡಿ. ಒಂದು ಪೌಂಡ್ ನೂಲಿನಲ್ಲಿ ಅಂಥ ಎಷ್ಟು ಲಡಿ ಸಿಗುತ್ತದೋ ಅದೇ ಕೌಂಟು. ಹಾಗಾಗಿ ಸಂಖ್ಯೆ ದೊಡ್ಡದಾದಷ್ಟೂ ನೂಲು ಸಪೂರ. 80ರ ನೂಲಿನ ಒಂದು ಗ್ರಾಮನ್ನು ಬಿಡಿಸಿದರೆ ಸುಮಾರು 135 ಮೀಟರ್ ಆಗುತ್ತದೆ, 40ರದ್ದಾದರೆ ಅದರ ಅರ್ಧ. ನನ್ನ ಹಸಿರು ಸೀರೆಯನ್ನು ಅಡುಗೆಮನೆಯ ತಕ್ಕಡಿಯಲ್ಲಿ ಇಟ್ಟರೆ ಮುನ್ನೂರು ಗ್ರಾಂ ಚಿಲ್ಲರೆ ತೂಗುತ್ತದೆ. ಅಂದರೆ ನಲವತ್ತು ಕಿಲೋಮೀಟರಿಗೂ ಮೇಲೆ ನೂಲು, ಉಡುಪಿ ಬಸ್ ಸ್ಟ್ಯಾಂಡಿನಿಂದ ಹಿಡಿದರೆ ಹೆಚ್ಚುಕಡಿಮೆ ಸುರತ್ಕಲ್‌ವರೆಗೆ ಎಳೆಯುವಷ್ಟು. ಅಷ್ಟೂ ನೂಲು ಐದೂವರೆ ಮೀಟರ್ ಬಟ್ಟೆಯಲ್ಲಿ ಕೂತಿದೆ, ಆದರೂ ಹೆಗಲಿಗೆ ಭಾರವೇ ಇಲ್ಲ. ಎಂಟನೇ ಕ್ಲಾಸಿನ ಮಕ್ಕಳಿಗೆ ಅನುಪಾತ ಕಲಿಸುವಾಗ ಈಗ ಇದೇ ಲೆಕ್ಕ ಕೊಡುತ್ತೇನೆ.

ಸೆಕೆಗೆ ಇದು ಯಾಕೆ ಒಳ್ಳೆಯದು ಎಂಬುದಕ್ಕೂ ಲೆಕ್ಕವಿದೆ. ಪ್ರಯೋಗಾಲಯದಲ್ಲಿ 65 ಶೇಕಡಾ ತೇವಾಂಶದ ಗಾಳಿಯಲ್ಲಿಟ್ಟು ಅಳೆದರೆ ನೂರು ಗ್ರಾಂ ಒಣ ಹತ್ತಿ ಎಂಟು ಗ್ರಾಮಿನ ಆಸುಪಾಸು ನೀರು ಹೀರಿಕೊಂಡಿರುತ್ತದೆ. ಪಾಲಿಯೆಸ್ಟರ್ ಅರ್ಧ ಗ್ರಾಮನ್ನೂ ಹೀರುವುದಿಲ್ಲ. ಸಮುದ್ರದ ಪಕ್ಕದ ನಮ್ಮ ಗಾಳಿಯಲ್ಲಿ ಈ ಒಂದೇ ಗುಣ ಸಾಕು. ಹಸಿರು ಸೀರೆಯಲ್ಲಿ ಬೆವರು ಬರುತ್ತದೆ, ಆದರೆ ಸೀರೆ ಬೆನ್ನಿಗೆ ಅಂಟಿ ನಿಲ್ಲುವುದಿಲ್ಲ. ಫ್ಯಾನಿನ ಕೆಳಗೆ ಐದು ನಿಮಿಷ ನಿಂತರೆ ಒಣಗಿರುತ್ತದೆ. 40ರ ಸೀರೆ ಒಣಗಲು ಹೆಚ್ಚು ಹೊತ್ತು ಬೇಕು. ಅದನ್ನು ನಾನು ಡಿಸೆಂಬರ್, ಜನವರಿಗೆ ಇಟ್ಟುಕೊಂಡಿದ್ದೇನೆ.

ಕಿನ್ನಿಗೋಳಿಗೆ ಹೋದವರು ಸೀರೆ ಆರಿಸಿ ಹಾಗೇ ಬಂದುಬಿಡಬೇಡಿ. ಮಗ್ಗ ನೋಡಲೂ ಸ್ವಲ್ಪ ಹೊತ್ತು ಇಟ್ಟುಕೊಳ್ಳಿ. ನಾನು ಹೋದಾಗ ಒಬ್ಬ ಹಿರಿಯ ಹೆಂಗಸು ನೇಯುತ್ತಿದ್ದರು. ಹಗ್ಗ ಎಳೆದರೆ ಲಾಳಿ ಆ ಬದಿಗೆ, ಹಣಿಗೆಯಿಂದ ಒಂದು ಪೆಟ್ಟು, ಮತ್ತೆ ಈ ಬದಿಗೆ. ಎಡಗಡೆ ಒಂದು ಎಳೆ ಕಡಿಯಿತು. ನನಗೆ ಅದು ಕಾಣಲೇ ಇಲ್ಲ. ಅವರು ಕಾಲು ನಿಲ್ಲಿಸಿ, ಬಗ್ಗಿ, ಕಡಿದ ಎರಡು ತುದಿಗಳನ್ನು ಹುಡುಕಿ, ಬೆರಳಿನ ತುದಿಯಲ್ಲೇ ಹೊಸೆದು ಗಂಟು ಹಾಕಿದರು. ಗಂಟಿನ ಬಾಲವನ್ನು ಉಗುರಿನಿಂದ ಚಿವುಟಿ ತೆಗೆದು ಮತ್ತೆ ಹಗ್ಗಕ್ಕೆ ಕೈ ಹಾಕಿದರು. ಇಷ್ಟು ಸಪೂರದ ನೂಲು ಮಗ್ಗದಲ್ಲಿ ತಡೆಯುವುದು ಗಂಜಿಯಿಂದ. ಉಡುಪಿ ಸೀರೆಯ ವಿಶೇಷ ಅದೇ: ಹಾಸು, ಅಂದರೆ ಉದ್ದಕ್ಕೆ ಹಾಯುವ ನೂಲು, ಮಗ್ಗಕ್ಕೆ ಏರಿದ ಮೇಲೆಯೂ, ಮುಂದಕ್ಕೆ ಬಂದ ಭಾಗಕ್ಕೆ ಅಲ್ಲಲ್ಲೇ ಗಂಜಿ ಹಚ್ಚಿ, ಒಣಗಿಸಿ, ಆಮೇಲೆ ನೇಯುತ್ತಾರೆ.

"ಅಮ್ಮ, ಒಂದು ಸೀರೆಗೆ ಎಷ್ಟು ದಿವಸ ಬೇಕು?" ಎಂದು ಕೇಳಿದೆ.

"ಸಾದಾ ಆದ್ರೆ ಎರಡು ದಿವಸ ಟೀಚರ್. ಬುಟ್ಟಾ ಇದ್ರೆ ಜಾಸ್ತಿ. ಮಳೆಗಾಲದಲ್ಲಿ ಕೇಳ್ಬೇಡಿ, ಗಂಜಿ ಒಣಗುದೇ ಇಲ್ಲ."

ಬೆಲೆ ಜಾಸ್ತಿ ಎನ್ನುವವರು ಇದನ್ನು ಗಮನಿಸಬೇಕು. ಹಸಿರು ಸೀರೆಗೆ ನಾನು ಕೊಟ್ಟದ್ದು ಎರಡು ಸಾವಿರದ ಮೇಲೆ. ಅದರಲ್ಲಿ ನೂಲಿನ ದುಡ್ಡು, ಬಣ್ಣ ಹಾಕಿದವರ, ಲಾಳಿಯೊಳಗಿನ ಕಂಡಿಕೆಗೆ ನೂಲು ಸುತ್ತಿದವರ ಪಾಲು ಎಲ್ಲ ಹೋದ ಮೇಲೆ ಉಳಿದದ್ದು ಎರಡು ದಿನದ ಮಗ್ಗದ ಕೂಲಿ. ನನ್ನ ಮಟ್ಟಿಗೆ ಇದು ದುಬಾರಿ ಅಲ್ಲ, ನ್ಯಾಯವಾದ ಬೆಲೆ.

ಈ ಮಗ್ಗಗಳು ನಿಂತೇಹೋಗುವ ಸ್ಥಿತಿಗೆ ಬಂದಿದ್ದವು. ನೇಕಾರರಿಗಾಗಿ ದುಡಿಯುವ ಕದಿಕೆ ಟ್ರಸ್ಟ್‌ನವರು ಸಂಘದ ಜೊತೆ ನಿಂತು ಕೆಲಸ ಮಾಡಿದ ಮೇಲೆ ಮತ್ತೆ ಜೀವ ಬಂತು. ಉಡುಪಿ ಸೀರೆಗೆ ಜಿಐ ಟ್ಯಾಗ್, ಅಂದರೆ ಇದು ಈ ಪ್ರದೇಶದ್ದೇ ಎಂಬ ಸರಕಾರಿ ಮಾನ್ಯತೆ, ಕೂಡ ಉಂಟು. ನೇಯ್ಗೆ ನಮ್ಮ ಜಿಲ್ಲೆಗಳಿಗೆ ಹೊಸತೇನಲ್ಲ. ಮಂಗಳೂರಿನಲ್ಲಿ ಬಾಸೆಲ್ ಮಿಷನ್ ಎಂಬ ಕ್ರೈಸ್ತ ಸಂಸ್ಥೆ 1844ರಲ್ಲೇ ನೇಯ್ಗೆ ಶುರು ಮಾಡಿತ್ತು. 1851ರಲ್ಲಿ ಬಂದ ಹಾಲರ್ ಎಂಬವರು ಬಲ್ಮಠದ ಆ ಕಾರ್ಖಾನೆಯಲ್ಲಿ ಖಾಕಿ ಬಣ್ಣ ತಯಾರಿಸಿದರು ಎಂದು ನಮ್ಮಲ್ಲಿ ಹೇಳುತ್ತಾರೆ. ಪೊಲೀಸರ ಅಂಗಿಯ ಬಣ್ಣಕ್ಕೂ ಮಂಗಳೂರಿಗೂ ಇರುವ ಈ ನಂಟು ನಮ್ಮ ಮಕ್ಕಳಿಗೆ ಗೊತ್ತಿರಬೇಕು ಅನ್ನುವುದು ನನ್ನ ಆಸೆ.

ಕಂದು ಸೀರೆಯ ಬಣ್ಣ ಅಡಿಕೆ ಚೊಗರಿನದು. ಎಳೆ ಅಡಿಕೆ ಬೇಯಿಸಿದಾಗ ಉಳಿಯುವ ಆ ಕೆಂಪು ನೀರು ಅಂಗಿಗೆ ತಾಗಿದರೆ ಕಲೆ ಹೋಗುವುದಿಲ್ಲ ಎಂಬುದು ಅಡಿಕೆ ತೋಟದ ಮನೆಯವರಿಗೆಲ್ಲ ಗೊತ್ತು. ಅದೇ ಗುಣ ಇಲ್ಲಿ ಉಪಯೋಗಕ್ಕೆ ಬಂದಿದೆ. ಎಷ್ಟೋ ಸಲ ಒಗೆದಿದ್ದೇನೆ, ಕಂದು ತುಸು ಮೆತ್ತಗಾಗಿದೆ ಹೊರತು ಬಕೆಟಿನ ನೀರು ಕೆಂಪಾಗಿಲ್ಲ. ಬಿಸಿಲಿಗೆ ಹಾಕದೆ ನೆರಳಲ್ಲಿ ಒಣಗಿಸುತ್ತೇನೆ, ಸಾಬೂನು ಪುಡಿ ಹಾಕುವುದಿಲ್ಲ, ಅಂಟುವಾಳಕಾಯಿ ಸಾಕು.

ಒಗೆಯುವ ವಿಷಯ ಸ್ವಲ್ಪ ವಿವರವಾಗಿಯೇ ಹೇಳಬೇಕು, ಏಕೆಂದರೆ ಈ ಸೀರೆ ಒಗೆದ ಮೇಲೆಯೇ ಚೆಂದ. ಅಂಗಡಿಯಿಂದ ತಂದಾಗ ಗಂಜಿಯಿಂದಾಗಿ ಪೇಪರಿನ ಹಾಗೆ ಇರುತ್ತದೆ, ನಿರಿಗೆ ಮಾತು ಕೇಳುವುದಿಲ್ಲ. ಮೊದಲ ಒಗೆತಕ್ಕೆ ತಣ್ಣೀರಿನಲ್ಲಿ ಒಂದು ಹಿಡಿ ಕಲ್ಲುಪ್ಪು ಹಾಕಿ ಒಂಟಿಯಾಗಿ ನೆನೆಸಿ. ಮೂರನೆಯ, ನಾಲ್ಕನೆಯ ಒಗೆತಕ್ಕೆ ಬಟ್ಟೆ ಮೈಗೆ ಬೀಳಲು ಶುರುವಾಗುತ್ತದೆ. ಹತ್ತಿ ನೂಲಿಗೆ ಒದ್ದೆಯಾದಾಗ ಬಲ ಹೆಚ್ಚು, ಹಾಗಾಗಿ ಕೈಯಲ್ಲಿ ಒಗೆದರೆ ಹರಿಯುವ ಹೆದರಿಕೆ ಬೇಡ. ರೇಯಾನ್ ಇದಕ್ಕೆ ಉಲ್ಟಾ, ಒದ್ದೆಯಾದರೆ ದುರ್ಬಲ.

ಕೊರತೆಗಳೂ ಇವೆ. 80ರ ಸೀರೆ ತೆಳು. ಒಳಲಂಗ ಅದೇ ಬಣ್ಣದ್ದೇ ಬೇಕು, ಇಲ್ಲದಿದ್ದರೆ ಬೆಳಕಿಗೆ ನಿಂತಾಗ ಕಾಣುತ್ತದೆ. ಗಂಜಿ ಹಾಕದೆ ಉಟ್ಟರೆ ಮಧ್ಯಾಹ್ನದೊಳಗೆ ಮುದ್ದೆ. ನಾನು ಕುಚ್ಚಲಕ್ಕಿ ಗಂಜಿಯ ತಿಳಿ ಹಾಕುತ್ತೇನೆ, ಆದರೆ ಮಳೆಗಾಲದಲ್ಲಿ ಒಣಗದೆ ವಾಸನೆ ಬರುವುದರಿಂದ ಜೂನ್, ಜುಲೈಯಲ್ಲಿ ಈ ಸೀರೆ ಉಡುವುದನ್ನು ಬಿಟ್ಟೇಬಿಟ್ಟಿದ್ದೇನೆ. ಬಸ್ಸಿನಲ್ಲಿ ಸೀಟಿನ ಮೊಳೆಗೆ ಸಿಕ್ಕಿದರೆ ಕತೆ ಮುಗಿಯಿತು. ಇಸ್ತ್ರಿ ಮಾಡಲು ಪುರಸೊತ್ತು ಇಲ್ಲದವರು 40 ಅಥವಾ 60ರದ್ದನ್ನೇ ತೆಗೆದುಕೊಳ್ಳಿ.

ಇನ್ನೊಂದು ಎಚ್ಚರಿಕೆ. ಪೇಟೆಯ ಒಂದು ದೊಡ್ಡ ಅಂಗಡಿಯಲ್ಲಿ "ಉಡುಪಿ ಕಾಟನ್" ಎಂದು ನನ್ನ ಮುಂದೆ ಹರಡಿದ್ದು ಪವರ್‌ಲೂಮಿನ ಮಿಶ್ರ ನೂಲಿನ ಸೀರೆ. ಸೆರಗಿನ ತುದಿಯ ಎರಡು ಎಳೆ ಕೇಳಿ ತೆಗೆದುಕೊಂಡು ಹೊರಗೆ ಬಂದು ಬೆಂಕಿ ತಾಗಿಸಿದೆ. ಹತ್ತಿಯಾದರೆ ಕಾಗದ ಸುಟ್ಟ ವಾಸನೆ ಬಂದು ಮುಟ್ಟಿದರೆ ಪುಡಿಯಾಗುವ ಬೂದಿ ಉಳಿಯಬೇಕು. ಇಲ್ಲಿ ಕರಗಿ ಗಟ್ಟಿ ಕರಿ ಮಣಿಯಾಯಿತು. ಕೈಮಗ್ಗದ್ದೋ ಅಲ್ಲವೋ ಎಂದು ನೋಡಲು ಅಂಚಿನ ಕರೆಯನ್ನು ಬೆಳಕಿಗೆ ಹಿಡಿಯಿರಿ. ಬಟ್ಟೆಯನ್ನು ಅಗಲಕ್ಕೆ ಎಳೆದು ಹಿಡಿಯುವ ಕೋಲಿನ ಮುಳ್ಳು ಚುಚ್ಚಿದ ಸಣ್ಣ ತೂತುಗಳು ಎರಡೂ ಬದಿಯಲ್ಲಿ ಅಲ್ಲಲ್ಲಿ ಇರುತ್ತವೆ, ಅವುಗಳ ನಡುವಿನ ಅಂತರ ಒಂದೇ ಸಮ ಇರುವುದಿಲ್ಲ. ಬುಟ್ಟಾ ಇದ್ದರೆ ಹಿಂಬದಿ ತಿರುಗಿಸಿ: ಕೈಯಲ್ಲಿ ಹಾಕಿದ ಬುಟ್ಟಾದ ನೂಲು ಅಲ್ಲೇ ತಿರುಗಿ ಮುಗಿದಿರುತ್ತದೆ, ಕತ್ತರಿಸಿದ ಬಾಲಗಳು ಸಾಲಾಗಿ ಕಾಣುವುದಿಲ್ಲ. ಕೈಮಗ್ಗದ ಸರಕಾರಿ ಮುದ್ರೆ 2006ರಿಂದ ಬಂದಿದೆ, ಅದನ್ನೂ ಕೇಳಿ.

ಕಿನ್ನಿಗೋಳಿಯಲ್ಲಿ ಸೀರೆಗೆ ನೇಯ್ದವರ ಹೆಸರು, ಫೋಟೋ ಇರುವ ಚೀಟಿ ಕಟ್ಟಿ ಕೊಡುತ್ತಾರೆ. ಮಗ್ಗಗಳು ಕಡಿಮೆ ಇರುವುದರಿಂದ ಮನಸ್ಸಿನಲ್ಲಿಟ್ಟುಕೊಂಡು ಹೋದ ಬಣ್ಣ ಸಿಗದಿರಬಹುದು, ಇದ್ದದ್ದರಲ್ಲಿ ಆರಿಸಬೇಕು. ಮದುವೆಗೋ ಶಾಲೆಯ ಸಮಾರಂಭಕ್ಕೋ ಒಂದೇ ಬಣ್ಣದ ಹತ್ತು ಸೀರೆ ಬೇಕಿದ್ದರೆ ಹಾಸು ಮಗ್ಗಕ್ಕೆ ಏರುವ ಮೊದಲೇ ಹೇಳಿಡಿ, ಅದೂ ಮಳೆ ಶುರುವಾಗುವುದರೊಳಗೆ.