ವೇತನರಹಿತ ರಜೆಯ ತಕರಾರಿಗೆ ಕೆಎಟಿ: ಎಲ್ಲಿ ಕೆಲಸಕ್ಕೆ ಬರುತ್ತದೆ, ಎಲ್ಲಿ ಇಲ್ಲ

ಸರ್ಕಾರಿ ಶಾಲಾ ಶಿಕ್ಷಕರ ರಜೆ ಜಗಳ ಸಂಬಳದಿಂದ ಶುರುವಾಗಿ ಸೇವಾ ಪುಸ್ತಕದ ಒಂದೇ ಒಂದು ಸಾಲಿಗೆ ಬಂದು ನಿಲ್ಲುತ್ತದೆ. ‘ವೇತನರಹಿತ ರಜೆ ಮಂಜೂರು’ ಎಂದಿದ್ದರೆ ಹೋದದ್ದು ಆ ದಿನಗಳ ಸಂಬಳ. ವೈದ್ಯಕೀಯ ಕಾರಣ ಇಲ್ಲದಿದ್ದರೆ ವಾರ್ಷಿಕ ವೇತನ ಬಡ್ತಿಯೂ ಅಷ್ಟು ದಿನ ಮುಂದಕ್ಕೆ. ‘ಅನಧಿಕೃತ ಗೈರುಹಾಜರಿ’ ಎಂದು ಬಿದ್ದರೆ ಇಲಾಖಾ ವಿಚಾರಣೆಯಿಂದ ಪಿಂಚಣಿ ಲೆಕ್ಕದವರೆಗೆ ತೊಡಕು. ಈ ಸಾಲನ್ನು ಅಳಿಸಿಕೊಳ್ಳಲು ಹೋಗುವ ಜಾಗ ಬೆಂಗಳೂರಿನ ಕಂದಾಯ ಭವನದ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಬಾಯಿಮಾತಿನಲ್ಲಿ ಕೆಎಟಿ. ಬೆಳಗಾವಿ, ಕಲಬುರಗಿಯಲ್ಲೂ ಪೀಠಗಳಿವೆ.

ನೋಟಿಸ್ ಕೊಡದೆ, ವಿವರಣೆ ಕೇಳದೆ ಗೈರು ಎಂದು ಬರೆದ ಆದೇಶ ಕೈಯಲ್ಲಿದ್ದರೆ ಕೆಎಟಿಯಷ್ಟು ಒಳ್ಳೆಯ ದಾರಿ ಇನ್ನೊಂದಿಲ್ಲ. ಕೃಷ್ಣಕಾಂತ್ ಪರ್ಮಾರ್ ಪ್ರಕರಣದಲ್ಲಿ (2012) ಸುಪ್ರೀಂ ಕೋರ್ಟ್ ಹೇಳಿದ್ದು ಇಷ್ಟು: ಗೈರು ಸಾಬೀತಾದರೆ ಸಾಲದು, ಅದು ಬೇಕೆಂದೇ ಮಾಡಿದ್ದು ಎಂಬುದೂ ಸಾಬೀತಾಗಬೇಕು. ಆಸ್ಪತ್ರೆಯ ಬಿಡುಗಡೆ ಚೀಟಿ ಇರುವವರ ಕೈ ಇಲ್ಲೇ ಮೇಲಾಗುವುದು.

ಆದೇಶವೇ ಇಲ್ಲದಿದ್ದಾಗ ಆಟ ಕೆಡುತ್ತದೆ. ಸಂಬಳ ತಡೆದಿರುತ್ತಾರೆ, ರಜೆ ಅರ್ಜಿಗೆ ‘ಆಗಲ್ಲ’ ಎಂದು ಬಾಯಲ್ಲಿ ಹೇಳಿರುತ್ತಾರೆ, ಕಾಗದ ಮಾತ್ರ ಇರುವುದಿಲ್ಲ. ಆಗ 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 20 ಮತ್ತು 21ನೇ ಕಲಮುಗಳ ಲೆಕ್ಕ ಹಿಡಿಯಬೇಕು. ಮೊದಲು ಇಲಾಖೆಗೆ ಮನವಿ. ಉತ್ತರ ಬಾರದಿದ್ದರೆ ಆರು ತಿಂಗಳು ಕಾಯಬೇಕು. ಅಲ್ಲಿಂದ ಒಂದು ವರ್ಷದೊಳಗೆ ಅರ್ಜಿ. 2024ರ ಜೂನ್ 10ಕ್ಕೆ ಮನವಿ ಕೊಟ್ಟಿದ್ದರೆ ಡಿಸೆಂಬರ್ 10ರವರೆಗೆ ಕಾಯುವುದು, 2025ರ ಡಿಸೆಂಬರ್ 10 ಕೊನೆ. ಹೆಚ್ಚಿನವರು ಎಡವುವುದು ಇಲ್ಲಿ. ಬಿಇಒಗೊಂದು (ಕ್ಷೇತ್ರ ಶಿಕ್ಷಣಾಧಿಕಾರಿ), ಡಿಡಿಪಿಐಗೊಂದು (ಜಿಲ್ಲೆಯ ಉಪನಿರ್ದೇಶಕರು) ಎಂದು ಜ್ಞಾಪನ ಪತ್ರ ಬರೆಯುತ್ತಾ ಕೂರುತ್ತಾರೆ. ಜ್ಞಾಪನ ಪತ್ರದಿಂದ ಗಡುವು ಹಿಗ್ಗುವುದಿಲ್ಲ, ಎಸ್.ಎಸ್. ರಾಠೋಡ್ ತೀರ್ಪು (1989) ಬಂದಾಗಿನಿಂದ ಇದರಲ್ಲಿ ಗೊಂದಲವಿಲ್ಲ. ತಡವಾದರೆ ಸಕಾರಣ ತೋರಿಸಿ ಮನ್ನಾ ಕೇಳಬಹುದು, ಆದರೆ ಅದು ಮಂಡಳಿಯ ಮರ್ಜಿ.

ಕಾಗದ ಗಟ್ಟಿಯಿರಲಿ: ಸ್ವೀಕೃತಿ ಮೊಹರಿರುವ ರಜೆ ಅರ್ಜಿ, ವೈದ್ಯಕೀಯ ಪ್ರಮಾಣಪತ್ರ, ಅದರ ಜೊತೆಗೇ ಕೆಲಸಕ್ಕೆ ಅರ್ಹರೆಂಬ ಪ್ರಮಾಣಪತ್ರ, ಹಾಜರಾದ ದಿನದ ವರದಿ. ಸೇವಾ ಪುಸ್ತಕದ ರಜೆ ಲೆಕ್ಕದ ಪುಟ ಕಚೇರಿಯವರು ಕೊಡದಿದ್ದರೆ 10 ರೂಪಾಯಿ ಶುಲ್ಕದ ಆರ್‌ಟಿಐ ಅರ್ಜಿ ಹಾಕಿ, 30 ದಿನದ ಗಡುವಿದೆ. ಆ ಪುಟವಿಲ್ಲದೆ ವಕೀಲರನ್ನು ಕಾಣುವುದು ದಂಡ.

ಏಕೆಂದರೆ ಏನು ಕೇಳಬೇಕು ಎಂಬುದು ಆ ಪುಟದಿಂದಲೇ ಹುಟ್ಟುತ್ತದೆ. ಗಳಿಕೆ ರಜೆ ಖಾತೆ ಖಾಲಿಯಿರುವಾಗ ‘ಪೂರ್ತಿ ಸಂಬಳ ಕೊಡಿಸಿ’ ಎಂದಷ್ಟೇ ಕೇಳಿದರೆ ಅರ್ಜಿ ಮುಗ್ಗರಿಸುತ್ತದೆ. ಮೊದಲು ಗೈರು ಎಂಬ ಆದೇಶ ರದ್ದು. ಬಳಿಕ ಬಾಕಿಯಿರುವ ಅರ್ಧ ವೇತನ ಅಥವಾ ಪರಿವರ್ತಿತ ರಜೆಗೆ (ಎರಡು ಅರ್ಧ ವೇತನ ದಿನ ಕೊಟ್ಟು ಒಂದು ಪೂರ್ತಿ ಸಂಬಳದ ದಿನ) ಆ ದಿನಗಳ ಹೊಂದಾಣಿಕೆ. ಅದೂ ಆಗದಿದ್ದರೆ ವೈದ್ಯಕೀಯ ಕಾರಣದ ವೇತನರಹಿತ ರಜೆ. ಮೂರನ್ನೂ ಈ ಕ್ರಮದಲ್ಲೇ ಬರೆಸಿ.

ಗೆದ್ದರೂ ಸಾಮಾನ್ಯವಾಗಿ ಸಿಗುವುದು ಚೆಕ್ ಅಲ್ಲ, ‘ಇಷ್ಟು ವಾರದೊಳಗೆ ಮರುಪರಿಶೀಲಿಸಿ’ ಎಂಬ ನಿರ್ದೇಶನ. ಕಡತ ಅದೇ ಮೇಜಿಗೆ ಮರಳುತ್ತದೆ! ಪಾಲಿಸದಿದ್ದರೆ ಅದೇ 1985ರ ಕಾಯ್ದೆಯ 17ನೇ ಕಲಮಿನಡಿ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು. ಸರ್ಕಾರ ಹೈಕೋರ್ಟಿನ ವಿಭಾಗೀಯ ಪೀಠಕ್ಕೆ ಹೋಗುವ ಹಾದಿಯೂ 1997ರಿಂದ ತೆರೆದಿದೆ. ನಾಲ್ಕೈದು ದಿನದ ಸಂಬಳಕ್ಕಾಗಿ ಇಷ್ಟು ದೂರ ಹೋಗುವುದು ಲೆಕ್ಕಕ್ಕೆ ಕೂರುವುದಿಲ್ಲ; ‘ಗೈರು’ ಎಂಬ ಪದ ಸೇವಾ ಪುಸ್ತಕದಲ್ಲಿದ್ದರೆ ಮಾತ್ರ ಒಂದೇ ದಿನಕ್ಕೂ ಹೋಗಬಹುದು.

ಖಾಸಗಿ ಶಾಲೆಯವರಿಗೆ ಈ ಬಾಗಿಲಿಲ್ಲ. ಅವರಿಗಿರುವ ಶೈಕ್ಷಣಿಕ ಮೇಲ್ಮನವಿ ನ್ಯಾಯಮಂಡಳಿ ಕರ್ನಾಟಕ ಶಿಕ್ಷಣ ಕಾಯ್ದೆಯ 94ನೇ ಕಲಮಿನಡಿ ವಜಾ, ತೆಗೆದುಹಾಕುವಿಕೆ, ಹಿಂಬಡ್ತಿಯ ಮೇಲ್ಮನವಿ ಕೇಳುತ್ತದೆ, ಅದೂ ಮೂರು ತಿಂಗಳೊಳಗೆ. ಬರೀ ರಜೆ ಸಂಬಳ ಕಡಿತ ಅದರ ವ್ಯಾಪ್ತಿಗೆ ಬರುವುದಿಲ್ಲ. ಕಾರ್ಮಿಕ ನ್ಯಾಯಾಲಯದ ಕಡೆ ನೋಡುವುದೂ ಬೇಡ. ಶಿಕ್ಷಕರು ‘ಕಾರ್ಮಿಕ’ರ ವ್ಯಾಖ್ಯೆಗೆ ಬರುವುದಿಲ್ಲ ಎಂದು ಸುಂದರಾಂಬಾಳ್ ಪ್ರಕರಣದಲ್ಲಿ 1988ರಲ್ಲೇ ತೀರ್ಮಾನವಾಗಿದೆ. ಗ್ರಾಚ್ಯುಟಿ (ಕೆಲಸ ಬಿಡುವಾಗ ಸಿಗುವ ಇಡಿಗಂಟು) ಮಾತ್ರ ಬೇರೆ ಮಾತು: ಗ್ರಾಚ್ಯುಟಿ ಕಾಯ್ದೆಗೆ 2009ರಲ್ಲಿ ಬಂದ ತಿದ್ದುಪಡಿ ಅವರನ್ನು 1997ರ ಏಪ್ರಿಲ್ 3ರಿಂದಲೇ ಒಳಗೆ ತಂದಿತು. ಅಲ್ಲಿ ಮಂಜೂರಾದ ರಜೆ ಸೇವೆಯ ನಿರಂತರತೆಯನ್ನು ಕಡಿಯುವುದಿಲ್ಲ; ಹಾಗಾಗಿ ಸಂಬಳವಿಲ್ಲದ ರಜೆಗೂ ಆಡಳಿತ ಮಂಡಳಿಯಿಂದ ಲಿಖಿತ ಮಂಜೂರಾತಿ ಪಡೆದಿಡಿ.